ಲೈನ್‌ಮನ್‌ನಿಂದ ಸುಪ್ರೀಂ ಕೋರ್ಟ್ ನ್ಯಾಯಮೂರ್ತಿಯವರೆಗೆ: ಅಲನ್ ಪೇಜ್ ಯಾರು?

[ಪರದೆ: ನೇರಳೆ ಜರ್ಸಿ, 88ನೇ ನಂಬರ್. ಪಕ್ಕದಲ್ಲಿ ಅದೇ ವ್ಯಕ್ತಿ, ಕಪ್ಪು ಗೌನ್, ಬೋ ಟೈ.]

ನಮಸ್ಕಾರ. ಎರಡೂ ಫೋಟೋಗಳಲ್ಲಿ ಇರುವುದು ಒಬ್ಬರೇ. ಅಲನ್ ಪೇಜ್. ಎಡಗಡೆ ಇರುವುದು 1971ರಲ್ಲಿ ಅಮೆರಿಕದ ಫುಟ್‌ಬಾಲ್ ಲೀಗ್ ಎನ್‌ಎಫ್‌ಎಲ್‌ನ ಅತ್ಯುತ್ತಮ ಆಟಗಾರ. ಬಲಗಡೆ ಇರುವುದು ಮಿನ್ನೆಸೋಟ ರಾಜ್ಯದ ಸುಪ್ರೀಂ ಕೋರ್ಟ್ ನ್ಯಾಯಮೂರ್ತಿ. ಆಟ ಬಿಟ್ಟ ಮೇಲೆ ಟಿವಿಗೆ ಹೋದವರು, ರಾಜಕೀಯಕ್ಕೆ ಇಳಿದವರು ಬೇಕಾದಷ್ಟು ಜನ ಸಿಗುತ್ತಾರೆ. ಜಡ್ಜ್ ಆದವರು ಸಿಗುವುದು ಕಷ್ಟ, ಅಲ್ವಾ?

ಮೊದಲು ಆಟ ಅರ್ಥ ಮಾಡಿಕೊಳ್ಳೋಣ. ಇದು ಕಾಲಲ್ಲಿ ಆಡುವ ಫುಟ್‌ಬಾಲ್ ಅಲ್ಲ. ಒಂದೊಂದು ಕಡೆ 11 ಜನ. ಚೆಂಡು ಇರುವ ತಂಡಕ್ಕೆ ನಾಲ್ಕು ಅವಕಾಶ, ಅಷ್ಟರಲ್ಲಿ 10 ಗಜ ಮುಂದೆ ಹೋಗಬೇಕು. ಚೆಂಡು ಎಸೆಯುವವನು ಕ್ವಾರ್ಟರ್‌ಬ್ಯಾಕ್. ಅವನ ಮುಂದೆ ಐದು ಜನ ದಢೂತಿಗಳು ಗೋಡೆ ಕಟ್ಟಿ ನಿಲ್ಲುತ್ತಾರೆ. ಆ ಗೋಡೆ ಒಡೆದು ನುಗ್ಗುವುದು ಎದುರು ತಂಡದ ಲೈನ್‌ಮನ್‌ಗಳ ಕೆಲಸ. ಕಬಡ್ಡಿಯಲ್ಲಿ ರೈಡರ್‌ನ ಮೇಲೆ ಬಿದ್ದು ಹಿಡಿಯುವ ಹಾಗೆ, ಆದರೆ ಇಲ್ಲಿ ಅವನನ್ನು ಮುಟ್ಟುವ ಮೊದಲೇ ಒಬ್ಬಿಬ್ಬರ ಜೊತೆ ಗುದ್ದಾಡಬೇಕು. ಕ್ಯಾಮೆರಾ ಚೆಂಡಿನ ಹಿಂದೆ ಓಡುತ್ತದೆ. ಲೈನ್‌ಮನ್‌ಗಳ ಹೆಸರು ಯಾರಿಗೂ ನೆನಪಿರುವುದಿಲ್ಲ.

ಪೇಜ್ ಹುಟ್ಟಿದ್ದು 1945ರ ಆಗಸ್ಟ್ 7ರಂದು, ಒಹಾಯೋದ ಕ್ಯಾಂಟನ್‌ನಲ್ಲಿ. ಉಕ್ಕಿನ ಕಾರ್ಖಾನೆಗಳ ಊರು. ಕಪ್ಪು ಜನಾಂಗದ ಹುಡುಗರಿಗೆ ಅಲ್ಲಿ ದೊಡ್ಡ ಆಸೆ ಅಂದರೆ ಕಾರ್ಖಾನೆ ಕೆಲಸ. ಈ ಹುಡುಗನಿಗೆ ಮಾತ್ರ ಲಾಯರ್ ಆಗುವ ಆಸೆ. ಪೆರ್ರಿ ಮೇಸನ್ ಅನ್ನುವ ವಕೀಲನ ಟಿವಿ ಕಥೆಗಳು ಒಂದು ಕಾರಣ. ಇನ್ನೊಂದು, 1954ರಲ್ಲಿ ಅಮೆರಿಕದ ಸುಪ್ರೀಂ ಕೋರ್ಟ್ ಕೊಟ್ಟ ತೀರ್ಪು. ಕಪ್ಪು ಮಕ್ಕಳಿಗೆ ಬೇರೆ ಶಾಲೆ, ಬಿಳಿ ಮಕ್ಕಳಿಗೆ ಬೇರೆ ಶಾಲೆ ಅನ್ನುವ ಕಾನೂನು ತಪ್ಪು ಎಂದು ಅದು ಹೇಳಿತು. ಆಗ ಪೇಜ್‌ಗೆ ಇನ್ನೂ ಒಂಬತ್ತು ತುಂಬಿರಲಿಲ್ಲ. 13ನೇ ವಯಸ್ಸಿಗೆ ತಾಯಿ ತೀರಿಕೊಂಡರು.

ಕ್ಯಾಂಟನ್‌ನಲ್ಲಿಯೇ ಫುಟ್‌ಬಾಲ್ ದಿಗ್ಗಜರ ಹಾಲ್ ಆಫ್ ಫೇಮ್ ಇದೆ, 1963ರಲ್ಲಿ ಶುರುವಾದದ್ದು. ಆ ಕಟ್ಟಡ ಕಟ್ಟುವಾಗ ಕೂಲಿ ಮಾಡಿದ ಹುಡುಗರಲ್ಲಿ ಪೇಜ್ ಕೂಡ ಒಬ್ಬರು!

ಅಲ್ಲಿಂದ ನೋಟರ್ ಡೇಮ್ ವಿಶ್ವವಿದ್ಯಾಲಯ. 1966ರಲ್ಲಿ ಆ ತಂಡ ರಾಷ್ಟ್ರೀಯ ಚಾಂಪಿಯನ್. 1967ರಲ್ಲಿ ಎನ್‌ಎಫ್‌ಎಲ್ ತಂಡ ಮಿನ್ನೆಸೋಟ ವೈಕಿಂಗ್ಸ್, ಕಾಲೇಜು ಆಟಗಾರರನ್ನು ಆರಿಸುವ ಪ್ರಕ್ರಿಯೆಯ ಮೊದಲ ಸುತ್ತಿನಲ್ಲೇ ಅವರನ್ನು ಆರಿಸಿಕೊಂಡಿತು.

[ಪರದೆ: ನಾಲ್ವರು ಲೈನ್‌ಮನ್‌ಗಳ ಹಳೆಯ ಫೋಟೋ]

ಕಾರ್ಲ್ ಎಲ್ಲರ್, ಜಿಮ್ ಮಾರ್ಷಲ್, ಗ್ಯಾರಿ ಲಾರ್ಸನ್, ಅಲನ್ ಪೇಜ್. ಈ ನಾಲ್ವರಿಗೆ ‘ಪರ್ಪಲ್ ಪೀಪಲ್ ಈಟರ್ಸ್’ ಎಂದು ಹೆಸರು ಬಿತ್ತು. ನೇರಳೆ ಜರ್ಸಿಯ ನರಭಕ್ಷಕರು, ಹೆಚ್ಚುಕಡಿಮೆ. ಪೇಜ್ ಇವರಲ್ಲಿ ತೂಕದಿಂದ ಗೆದ್ದವರಲ್ಲ. ಚೆಂಡು ಅಲುಗಿದ ಕ್ಷಣಕ್ಕೆ ಅವರ ಮೊದಲ ಹೆಜ್ಜೆ ಬಿದ್ದಿರುತ್ತಿತ್ತು. ಎದುರಿನವನು ತಲೆ ಎತ್ತುವಷ್ಟರಲ್ಲಿ ಪಕ್ಕದಲ್ಲಿ ಹಾದು ಹೋಗಿರುತ್ತಿದ್ದರು. 1971ರಲ್ಲಿ ಇಡೀ ಲೀಗ್‌ನ ಅತ್ಯುತ್ತಮ ಆಟಗಾರ ಪ್ರಶಸ್ತಿ ಬಂತು. ರಕ್ಷಣೆ ಆಡುವ ಒಬ್ಬನಿಗೆ ಅದು ಬಂದದ್ದು ಅದೇ ಮೊದಲು. ಆಮೇಲೆ ಇನ್ನೊಬ್ಬರಿಗೆ ಬಂದದ್ದು 1986ರಲ್ಲಿ, ಲಾರೆನ್ಸ್ ಟೇಲರ್‌ಗೆ. ವೈಕಿಂಗ್ಸ್ ನಾಲ್ಕು ಸಲ ಸೂಪರ್ ಬೌಲ್ ಫೈನಲ್‌ಗೆ ಹೋಯಿತು. ನಾಲ್ಕೂ ಸೋತಿತು. ಇನ್ನೊಂದು ದುರದೃಷ್ಟ ಕೇಳಿ. ಕ್ವಾರ್ಟರ್‌ಬ್ಯಾಕನ್ನು ಕೆಡವುವ ‘ಸ್ಯಾಕ್’ ಲೆಕ್ಕ ಅಧಿಕೃತವಾಗಿ ಶುರುವಾದದ್ದು 1982ರಲ್ಲಿ. ಪೇಜ್ ನಿವೃತ್ತಿಯಾಗಿದ್ದು 1981ರಲ್ಲಿ!

ಆದರೆ ನನಗೆ ಅವರ ಕಥೆಯಲ್ಲಿ ಈ ದಾಖಲೆಗಳಿಗಿಂತ ದೊಡ್ಡದು ಅನ್ನಿಸಿದ್ದು ಒಂದು ಸಣ್ಣ ಕೋಣೆಯಲ್ಲಿ ನಡೆದ ಘಟನೆ. ವೈಕಿಂಗ್ಸ್ ತರಬೇತಿ ಶಿಬಿರ. ಒಬ್ಬ ಕೋಚ್ ತಂತ್ರಗಳ ಪುಸ್ತಕವನ್ನು ಲೈನ್‌ಮನ್‌ಗಳ ಕೈಗೆ ಕೊಟ್ಟು, ಒಬ್ಬೊಬ್ಬರಾಗಿ ಜೋರಾಗಿ ಓದಿ ಅಂದರು. ಕೆಲವರು ಸಲೀಸಾಗಿ ಓದಿದರು. ಕೆಲವರು ತಡವರಿಸಿದರು. ಕೆಲವರಿಗೆ ಓದಲು ಬರಲೇ ಇಲ್ಲ. ಇವರೆಲ್ಲ ಹೈಸ್ಕೂಲು ದಾಟಿ, ಕಾಲೇಜಿನಲ್ಲಿ ಇದ್ದು ಬಂದವರು. ಆಟ ಚೆನ್ನಾಗಿ ಆಡುತ್ತಾನೆ ಅಂತ ಯಾರೋ ಒಬ್ಬೊಬ್ಬರೇ ಪಾಸ್ ಮಾಡಿ ಮುಂದಕ್ಕೆ ತಳ್ಳಿದ್ದರು. ಇದು ಪೇಜ್ ಮನಸ್ಸಿನಲ್ಲಿ ಕೂತುಬಿಟ್ಟಿತು.

ಅವರೇ ಮೊದಲು ಲಾ ಕಾಲೇಜಿಗೆ ಸೇರಿ ಕೆಲವೇ ವಾರದಲ್ಲಿ ಬಿಟ್ಟಿದ್ದರು. ಮತ್ತೆ 1975ರಲ್ಲಿ ಮಿನ್ನೆಸೋಟ ವಿಶ್ವವಿದ್ಯಾಲಯದ ಲಾ ಸ್ಕೂಲ್ ಸೇರಿದರು. ಆಟ ಬಿಡಲಿಲ್ಲ. ಕ್ಲಾಸೂ ಪೂರ್ತಿ, ಆಟವೂ ಪೂರ್ತಿ. 1978ರಲ್ಲಿ ಪದವಿ ಕೈಗೆ ಬಂತು. ಇದರ ಜೊತೆಗೆ ಆಟಗಾರರ ಸಂಘದ ಪ್ರತಿನಿಧಿಯೂ ಆಗಿದ್ದರು, 1974ರ ಮುಷ್ಕರದಲ್ಲೂ ಇದ್ದರು. ಮಾಲೀಕರಿಗೆ ಇಂಥ ಆಟಗಾರ ಎಷ್ಟು ಇಷ್ಟವಾಗುತ್ತಾನೆ ಎಂದು ನೀವೇ ಊಹಿಸಿ.

ಅದೇ ಕಾಲಕ್ಕೆ ಅವರಿಗೆ ಓಟದ ಹುಚ್ಚು ಹತ್ತಿತು. ಸಿಗರೇಟು ಬಿಡಬೇಕೆಂದು ಹೆಂಡತಿ ಡಯಾನ್ ಓಡಲು ಶುರು ಮಾಡಿದರು, ಇವರೂ ಜೊತೆಯಾದರು. ತೂಕ ಇಳಿಯಿತು. ಇಷ್ಟು ಸಣ್ಣಗಾದರೆ ಲೈನ್‌ನಲ್ಲಿ ನಿಲ್ಲುವುದು ಹೇಗೆ ಎಂದು ಕೋಚ್ ಬಡ್ ಗ್ರಾಂಟ್ ಗೊಣಗಿದರು. 1978ರ ಸೀಸನ್ ಮಧ್ಯದಲ್ಲೇ ವೈಕಿಂಗ್ಸ್ ಕೈಬಿಟ್ಟಿತು. ಶಿಕಾಗೋ ಬೇರ್ಸ್ ಅವರನ್ನು ಪಡೆದದ್ದು ಬರೀ 100 ಡಾಲರ್ ಶುಲ್ಕಕ್ಕೆ. ‘ಮುಗಿದುಹೋದ’ ಆಟಗಾರ ಅಲ್ಲಿ 1981ರವರೆಗೆ ಆಡಿದರು. ನಡುವೆ 1979ರಲ್ಲಿ ಮ್ಯಾರಥಾನ್ ಕೂಡ ಮುಗಿಸಿದರು. ಆಡುತ್ತಿರುವಾಗಲೇ ಹಾಗೆ ಮಾಡಿದ ಮೊದಲ ಎನ್‌ಎಫ್‌ಎಲ್ ಆಟಗಾರ ಅವರೇ ಅನ್ನುತ್ತಾರೆ.

[ಪರದೆ: ಸೇಂಟ್ ಪಾಲ್, ನ್ಯಾಯಾಲಯದ ಕಟ್ಟಡ]

ಆಮೇಲೆ ವಕೀಲಿ, ರಾಜ್ಯದ ಅಟಾರ್ನಿ ಜನರಲ್ ಕಚೇರಿ. ಮಿನ್ನೆಸೋಟದಲ್ಲಿ ಸುಪ್ರೀಂ ಕೋರ್ಟ್ ನ್ಯಾಯಮೂರ್ತಿಗಳನ್ನು ಜನ ಓಟು ಹಾಕಿ ಆರಿಸುತ್ತಾರೆ. 1992ರಲ್ಲಿ ಪೇಜ್ ಸ್ಪರ್ಧಿಸಲು ಹೊರಟರು. ಆದರೆ ರಾಜ್ಯಪಾಲರು ಒಬ್ಬ ಹಾಲಿ ನ್ಯಾಯಮೂರ್ತಿಯ ಅವಧಿಯನ್ನು ವಿಸ್ತರಿಸಿದರು, ಆ ಸ್ಥಾನಕ್ಕೆ ಚುನಾವಣೆಯೇ ಇಲ್ಲದಂತಾಯಿತು. ಪೇಜ್ ಕೇಸು ಹಾಕಿದರು. ಯಾವ ಕೋರ್ಟಿಗೆ? ಅದೇ ಸುಪ್ರೀಂ ಕೋರ್ಟಿಗೆ. ಅಲ್ಲಿನ ನ್ಯಾಯಮೂರ್ತಿಗಳು ಹಿಂದೆ ಸರಿದು, ಬೇರೆಯವರ ವಿಶೇಷ ಪೀಠ ಕೂತು, ಪೇಜ್ ಪರ ತೀರ್ಪು ಕೊಟ್ಟಿತು. ಚುನಾವಣೆ ನಡೆಯಿತು. ಗೆದ್ದರು. ಆ ಕೋರ್ಟಿನ ಮೊದಲ ಆಫ್ರಿಕನ್ ಅಮೆರಿಕನ್ ನ್ಯಾಯಮೂರ್ತಿಯಾದರು. ಮತ್ತೆ ಮೂರು ಸಲ ಆರಿಸಿ ಬಂದರು.

2009ರಲ್ಲಿ ಇಡೀ ಅಮೆರಿಕ ಆ ಕೋರ್ಟಿನ ಕಡೆ ನೋಡುತ್ತಿತ್ತು. ಅಮೆರಿಕ ಸಂಸತ್ತಿನ ಮೇಲ್ಮನೆ ಸೆನೆಟ್‌ನ ಚುನಾವಣೆಯಲ್ಲಿ ಆಲ್ ಫ್ರಾಂಕೆನ್, ನಾರ್ಮ್ ಕೋಲ್ಮನ್ ನಡುವೆ ಅಂತರ 312 ಓಟು, ಗೆದ್ದವರು ಯಾರು ಅನ್ನುವ ಕೇಸು ಅಲ್ಲಿಗೆ ಬಂದಿತ್ತು. ಮುಖ್ಯ ನ್ಯಾಯಮೂರ್ತಿ ಮರುಎಣಿಕೆಯ ಮಂಡಳಿಯಲ್ಲಿ ಇದ್ದುದರಿಂದ ದೂರ ಉಳಿದರು. ಹಿರಿಯರಾದ ಪೇಜ್ ಪೀಠದ ಮುಂದಾಳು. ಐವರೂ ಒಂದೇ ದನಿಯಲ್ಲಿ ಫ್ರಾಂಕೆನ್ ಗೆದ್ದರು ಅಂದರು. ಕೋಲ್ಮನ್ ಅದೇ ದಿನ ಸೋಲು ಒಪ್ಪಿಕೊಂಡರು.

1988ರಲ್ಲಿ ಪೇಜ್ ಹಾಲ್ ಆಫ್ ಫೇಮ್ ಸೇರಿದ್ದರು. ಅಲ್ಲಿ ಆಟಗಾರನನ್ನು ಪರಿಚಯಿಸಲು ಸಾಮಾನ್ಯವಾಗಿ ಕೋಚ್ ಅಥವಾ ಜೊತೆಗಾರ ಬರುತ್ತಾನೆ. ಪೇಜ್ ಕರೆದದ್ದು ವಿಲರೀನ್ ಬೀಸ್ಲಿ ಅವರನ್ನು. ಮಿನ್ನಿಯಾಪೊಲಿಸ್‌ನ ಒಂದು ಹೈಸ್ಕೂಲಿನ ಪ್ರಿನ್ಸಿಪಾಲ್! ಓದಲು ಬಾರದ ಆ ಲೈನ್‌ಮನ್‌ಗಳ ಕಥೆಯನ್ನು ಪೇಜ್ ಹೇಳಿದ್ದು ಅದೇ ವೇದಿಕೆಯಲ್ಲಿ. ಅದೇ ವರ್ಷ ಡಯಾನ್ ಜೊತೆ ಪೇಜ್ ಎಜುಕೇಷನ್ ಫೌಂಡೇಷನ್ ಕಟ್ಟಿದರು. ಕಪ್ಪು ಮತ್ತು ಇತರ ಅಲ್ಪಸಂಖ್ಯಾತ ವಿದ್ಯಾರ್ಥಿಗಳ ಕಾಲೇಜು ಓದಿಗೆ ದುಡ್ಡು. ಒಂದು ಷರತ್ತು: ದುಡ್ಡು ಪಡೆದವರು ಚಿಕ್ಕ ಮಕ್ಕಳಿಗೆ ಪಾಠ ಹೇಳಿಕೊಡಬೇಕು. ಸುಮ್ನೆ ಚೆಕ್ ಕೊಟ್ಟು ಫೋಟೋ ತೆಗೆಸಿಕೊಳ್ಳುವ ದಾನಕ್ಕಿಂತ ಇದು ನನಗೆ ಜಾಸ್ತಿ ಹಿಡಿಸುತ್ತದೆ.

2015ರಲ್ಲಿ 70 ತುಂಬಿ, ಕಾನೂನಿನ ಪ್ರಕಾರ ಕೋರ್ಟ್ ಬಿಟ್ಟರು. 2017ರಲ್ಲಿ ಮಿನ್ನಿಯಾಪೊಲಿಸ್‌ನ ಒಂದು ಶಾಲೆಗೆ ಮಕ್ಕಳೇ ಹಟ ಹಿಡಿದು ಅವರ ಹೆಸರು ಇಡಿಸಿದರು. ಮೊದಲಿದ್ದ ಹೆಸರು ಹಳೆಯ ರಾಜ್ಯಪಾಲ ಅಲೆಕ್ಸಾಂಡರ್ ರಾಮ್ಸೆಯದ್ದು. ಡಕೋಟಾ ಮೂಲನಿವಾಸಿಗಳನ್ನು ನಿರ್ಮೂಲ ಮಾಡಬೇಕು ಇಲ್ಲವೇ ಓಡಿಸಬೇಕು ಎಂದು 1862ರಲ್ಲಿ ಹೇಳಿದ ಮನುಷ್ಯ.

2020ರಲ್ಲಿ ಪೇಜ್ ಇನ್ನೊಂದು ಪಟ್ಟು ಹಾಕಿದರು. ಮಿನ್ನಿಯಾಪೊಲಿಸ್ ಫೆಡರಲ್ ರಿಸರ್ವ್ ಬ್ಯಾಂಕಿನ ಅಧ್ಯಕ್ಷ ನೀಲ್ ಕಶ್ಕರಿ ಜೊತೆ ಸೇರಿ, ಗುಣಮಟ್ಟದ ಸರ್ಕಾರಿ ಶಿಕ್ಷಣವನ್ನು ಪ್ರತಿ ಮಗುವಿನ ಹಕ್ಕು ಎಂದು ರಾಜ್ಯದ ಸಂವಿಧಾನದಲ್ಲೇ ಬರೆಯಬೇಕು ಎಂದರು. ಹಕ್ಕು ಅಂದಮೇಲೆ ಅದು ಸಿಗದಿದ್ದರೆ ಪೋಷಕರು ಕೋರ್ಟಿಗೆ ಹೋಗಬಹುದು. ಶಿಕ್ಷಕರ ಸಂಘವೇ ಇದನ್ನು ವಿರೋಧಿಸಿತು. ಅವರ ಆತಂಕದಲ್ಲೂ ಅರ್ಥವಿದೆ, ಶಾಲೆ ಸರಿಮಾಡುವ ದುಡ್ಡು ಕೇಸುಗಳಿಗೆ ಹೋದರೆ? ಆದರೆ ಪೇಜ್ ಈ ವಿಷಯದಲ್ಲಿ ಜಗ್ಗುವ ಆಸಾಮಿಯಲ್ಲ.