ದಡವೇ ಓಡಿದಾಗ

ಗೆಳೆಯರೇ,

ಸಿನಿಮಾ ಹುಟ್ಟಿದ ಕತೆ ಹೇಳುವಾಗ ಲುಮಿಯೇರ್ ಸಹೋದರರ ಹೆಸರು ಎಲ್ಲರ ಬಾಯಲ್ಲೂ ಬರುತ್ತದೆ. ಅವರ ಕ್ಯಾಮೆರಾ ಪೆಟ್ಟಿಗೆ ಹೊತ್ತು ದೇಶ ದೇಶ ಸುತ್ತಿದವರ ಹೆಸರು ಮಾತ್ರ ಬರುವುದಿಲ್ಲ. ಅಂಥ ಒಬ್ಬ ಅಲೆಕ್ಸಾಂಡ್ರ್ ಪ್ರೊಮಿಯೊ. 1868ರಲ್ಲಿ ಫ್ರಾನ್ಸಿನ ಲಿಯಾನ್‌ನಲ್ಲಿ ಹುಟ್ಟಿದವನು.

ಆ ಪೆಟ್ಟಿಗೆಯನ್ನು ಸ್ವಲ್ಪ ಕಣ್ಣಮುಂದೆ ತಂದುಕೊಳ್ಳಿ. ಚಿತ್ರ ತೆಗೆಯುವುದೂ ಅದೇ, ಪ್ರಿಂಟ್ ಹಾಕುವುದೂ ಅದೇ, ಪರದೆಗೆ ಬಿಡುವುದೂ ಅದೇ. ಸುಮಾರು 17 ಮೀಟರ್ ರೀಲು. ಹಿಡಿಕೆ ತಿರುಗಿಸುತ್ತಾ ಹೋದರೆ 50 ಸೆಕೆಂಡಿಗೆ ಖಾಲಿ. ಇಷ್ಟನ್ನೇ ಬಂಡವಾಳ ಮಾಡಿಕೊಂಡು ಪ್ರೊಮಿಯೊ 1896-97ರಲ್ಲಿ ಸ್ಪೇನ್, ಇಂಗ್ಲೆಂಡ್, ಅಮೆರಿಕ, ಈಜಿಪ್ಟ್, ಸ್ವೀಡನ್ ಎಲ್ಲ ಸುತ್ತಿದ. ಲುಮಿಯೇರ್ ಕಂಪನಿಯ ಮತ್ತೊಬ್ಬ, ಮಾರಿಯುಸ್ ಸೆಸ್ತಿಯೆ, 1896ರ ಜುಲೈ 7ರಂದು ಮುಂಬಯಿಯ ವಾಟ್ಸನ್ ಹೋಟೆಲಿನಲ್ಲಿ ಚಿತ್ರ ತೋರಿಸಿದ್ದ. ನಮ್ಮ ದೇಶಕ್ಕೂ ಸಿನಿಮಾ ಬಂದದ್ದು ಹೀಗೆ, ಯಾರದೋ ಹೆಗಲ ಮೇಲೆ.

ಟರ್ಕಿಯಲ್ಲಿ ಪ್ರೊಮಿಯೊಗೆ ಒಂದು ಫಜೀತಿ. ಅದು ಸುಲ್ತಾನ್ ಅಬ್ದುಲ್ ಹಮೀದನ ಕಾಲ. ಹಿಡಿಕೆ ಇದ್ದ ಯಂತ್ರ ಕಂಡರೆ ಸಾಕು, ಅಧಿಕಾರಿಗಳಿಗೆ ಅನುಮಾನ. ರಾಯಭಾರಿ ಕಚೇರಿಯ ಮಾತೂ ಬೇಕಾಯಿತು, ಕೈ ಬಿಸಿ ಮಾಡುವುದೂ ಬೇಕಾಯಿತು ಎಂದು ಆಮೇಲೆ ಆತನೇ ನೆನೆದಿದ್ದಾನೆ.

ನಾನು ಹೇಳಬೇಕೆಂದು ಬಂದದ್ದು ವೆನಿಸ್ಸಿನ ವಿಷಯ. 1896ರ ಅಕ್ಟೋಬರ್. ಆವರೆಗೆ ಕ್ಯಾಮೆರಾ ಮುಕ್ಕಾಲಿಯ ಮೇಲೆ ಗೂಟದ ಹಾಗೆ ನಿಲ್ಲುತ್ತಿತ್ತು. ರೈಲು, ಕುದುರೆ, ಜನ ಅದರ ಎದುರು ಹಾದುಹೋಗಬೇಕಿತ್ತು. ಪ್ರೊಮಿಯೊ ರೈಲಿಳಿದು ಗ್ರ್ಯಾಂಡ್ ಕೆನಾಲಿನಲ್ಲಿ ದೋಣಿ ಹತ್ತಿ ಹೋಟೆಲಿಗೆ ಹೊರಟಿದ್ದ. ದೋಣಿಯಲ್ಲಿ ಕೂತವರಿಗೆ ದಡವೇ ಓಡುತ್ತದಲ್ಲ, ತುಂಗಭದ್ರೆಯಲ್ಲಿ ತೆಪ್ಪ ಹತ್ತಿದವರಿಗೆ ಇದು ಹೊಸತೇನಲ್ಲ. ಆತನಿಗೆ ಹೊಳೆದದ್ದು ಇಷ್ಟೆ: ನಿಂತ ಕ್ಯಾಮೆರಾ ಓಡುವುದನ್ನು ಹಿಡಿಯುವುದಾದರೆ, ಓಡುವ ಕ್ಯಾಮೆರಾ ನಿಂತದ್ದನ್ನು ಯಾಕೆ ಹಿಡಿಯಬಾರದು? ಪೆಟ್ಟಿಗೆಯನ್ನು ದೋಣಿಯಲ್ಲೇ ಇಟ್ಟು ಹಿಡಿಕೆ ತಿರುಗಿಸಿದ. ಆದರೂ ಅಳುಕು. ರೀಲನ್ನು ಲಿಯಾನ್‌ಗೆ ಕಳಿಸಿ, ಲೂಯಿ ಲುಮಿಯೇರ್ ಏನನ್ನುತ್ತಾರೆಂದು ಕೇಳಿಸಿದ. ಒಪ್ಪಿಗೆ ಬಂತು. ಆ ಅಳುಕೇ ನನಗೆ ಇಷ್ಟ. ದೊಡ್ಡದೇನೋ ಮಾಡಿದೆನೆಂಬ ಜಂಬ ಅದರಲ್ಲಿಲ್ಲ.

ಆತನನ್ನು ‘ನಿರ್ದೇಶಕ’ ಎನ್ನಬಹುದೇ ಎಂದು ತಕರಾರು ತೆಗೆಯುವವರಿದ್ದಾರೆ. ಕಂಪನಿಯ ಲೆಕ್ಕದಲ್ಲಿ ಬರೀ ಆಪರೇಟರ್. ಕ್ಯಾಮೆರಾ ಎಲ್ಲಿಡಬೇಕು, ಯಾವಾಗ ತಿರುಗಿಸಬೇಕು ಎಂದು ತೀರ್ಮಾನಿಸಿದವನನ್ನು ನಾನಂತೂ ಬೇರೆ ಹೆಸರಿನಿಂದ ಕರೆಯಲಾರೆ. ಮುಂದೆ ಅಲ್ಜೀರಿಯಾದ ಫ್ರೆಂಚ್ ಆಡಳಿತಕ್ಕೂ ಚಿತ್ರ ತೆಗೆದುಕೊಟ್ಟ; 1926ರಲ್ಲಿ ತೀರಿಕೊಂಡ.

ಈಗ ದೀಪ ಆರಿಸಿ ಆತನ ಚಿತ್ರ ನೋಡೋಣ. ಮೊದಲು ವೆನಿಸ್. ಆಮೇಲೆ 1897ರ ಜೆರುಸಲೇಮ್: ಹೊರಟ ರೈಲಿನ ಹಿಂಬದಿಯಲ್ಲಿ ಕ್ಯಾಮೆರಾ ಇದೆ, ಪ್ಲಾಟ್‌ಫಾರಂ ಮೇಲಿನ ಜನ ಹಿಂದೆ ಸರಿಯುತ್ತಾರೆ. ಟೊಪ್ಪಿಗೆ ಎತ್ತಿ ವಿದಾಯ ಹೇಳುವವರನ್ನು ನೋಡುತ್ತಿರಿ.