ಗಾಳಿಯಂತ್ರ ಕಾಣದ ಕಡೆ ಕ್ಯಾಮೆರಾ

ಕೇಳುಗರಿಗೆ ನಮಸ್ಕಾರ. ಗ್ರಾಫಿಕ್ಸ್ ಮಾಡುವವರೇ ಸಿನಿಮಾ ನಿರ್ದೇಶಕರಾದರೆ ಹೇಗಿರುತ್ತದೆ? ಇವತ್ತಿನ ಮಾತು ಅದರ ಬಗ್ಗೆ.

ಚಿತ್ರದುರ್ಗದ ಕೋಟೆ ಹತ್ತಿ ನಿಂತರೆ ದೂರದ ಗುಡ್ಡಗಳ ಮೇಲೆ ಗಾಳಿಯಂತ್ರಗಳು ಕಾಣುತ್ತವೆ. 1972ರಲ್ಲಿ ಪುಟ್ಟಣ್ಣ ಕಣಗಾಲರ ‘ನಾಗರಹಾವು’ ತೆರೆಗೆ ಬಂದಾಗ ಇವು ಇರಲಿಲ್ಲ. ಇವತ್ತು ಯಾರಾದರೂ ಪಾಳೇಗಾರರ ಕಾಲದ ಕಥೆ ತೆಗೆಯಲು ಬಂದರೆ? ‘ಆಮೇಲೆ ಗ್ರಾಫಿಕ್ಸ್‌ನಲ್ಲಿ ಅಳಿಸಿದರಾಯಿತು ಬಿಡಿ’ ಅಂತಾರೆ.

ಅಳಿಸುವವರ ಪಾಡು ಕೇಳಿ. ಸಿನಿಮಾದಲ್ಲಿ ಸೆಕೆಂಡಿಗೆ 24 ಫ್ರೇಮ್, ಅಂದರೆ 24 ಬಿಡಿ ಚಿತ್ರ. ಹತ್ತು ಸೆಕೆಂಡಿನ ಶಾಟ್ ಅಂದರೆ 240. ಕ್ಯಾಮೆರಾ ಅಲುಗಾಡದೆ ನಿಂತಿದ್ದರೆ, ಖಾಲಿ ಆಕಾಶದ ತುಂಡೊಂದನ್ನು ರೆಕ್ಕೆಯ ಮೇಲೆ ಅಂಟಿಸಿ ಮುಗಿಸಬಹುದು. ಅದೇ ಕ್ಯಾಮೆರಾ ಕೈಯಲ್ಲಿದ್ದು, ನಾಯಕಿಯ ಹಾರುವ ಕೂದಲು ರೆಕ್ಕೆಗೆ ಅಡ್ಡ ಬಂತೋ, ಕಥೆ ಮುಗಿದಂತೆ. ಒಂದೊಂದು ಫ್ರೇಮಿನಲ್ಲೂ ಕೂದಲಿನ ಅಂಚು ಬಿಡಿಸುತ್ತಾ ಕೂರಬೇಕು.

ಹಾಗೆ ಕೂತು ಬೆನ್ನು ನೋಯಿಸಿಕೊಂಡವರು ನಿರ್ದೇಶಕರಾದರೆ ಕ್ಯಾಮೆರಾವನ್ನೇ ನಾಲ್ಕು ಹೆಜ್ಜೆ ಸರಿಸುತ್ತಾರೆ. ಬಂಡೆಯೊಂದು ಯಂತ್ರವನ್ನು ಮರೆಮಾಡುತ್ತದೆ. ದುರ್ಗದಲ್ಲಿ ಬಂಡೆಗೇನು ಬರ! ಗ್ರಾಫಿಕ್ಸ್‌ನವರು ಸಿನಿಮಾ ಮಾಡಿದರೆ ಅದರ ತುಂಬಾ ಗ್ರಾಫಿಕ್ಸೇ ಇರುತ್ತದೆ ಅಂತ ನಮ್ಮ ಅನುಮಾನ, ಅಲ್ವಾ? ನನಗೇನೋ ಅವರೇ ಜಾಸ್ತಿ ಲೆಕ್ಕ ಹಾಕುವವರು ಅನಿಸುತ್ತದೆ.

ಜಪಾನಿನ ತಕಾಶಿ ಯಮಜಾಕಿ ಅವರನ್ನೇ ನೋಡಿ. 2023ರ ‘ಗಾಡ್ಜಿಲ್ಲಾ ಮೈನಸ್ ಒನ್’ ಚಿತ್ರವನ್ನು ಬರೆದವರು, ನಿರ್ದೇಶಿಸಿದವರು, ಎಫೆಕ್ಟ್ಸ್ ಅಂದರೆ ಗ್ರಾಫಿಕ್ಸ್ ಕೆಲಸ ನೋಡಿಕೊಂಡವರು ಎಲ್ಲಾ ಅವರೇ. 35 ಕಲಾವಿದರ ತಂಡ, 610 ಎಫೆಕ್ಟ್ಸ್ ಶಾಟ್. ಶಾಟ್ ಸರಿಯಿದೆಯೋ ಇಲ್ಲವೋ ಅಂತ ಇನ್ನೊಬ್ಬರ ಒಪ್ಪಿಗೆಗೆ ಕಾಯುವಂತಿರಲಿಲ್ಲ. 2024ರಲ್ಲಿ ಅದಕ್ಕೆ ಆಸ್ಕರ್ ಬಂತು, ಅದೂ ಎಫೆಕ್ಟ್ಸ್ ವಿಭಾಗದಲ್ಲಿ.

ಇಂಗ್ಲೆಂಡಿನ ಗ್ಯಾರೆತ್ ಎಡ್ವರ್ಡ್ಸ್ ಇನ್ನೂ ಚಿಕ್ಕದಾಗಿ ಶುರು ಮಾಡಿದರು. 2010ರ ‘ಮಾನ್‌ಸ್ಟರ್ಸ್’ ಚಿತ್ರದ ಎಫೆಕ್ಟ್ಸ್ ಅವರೇ ಕೂತು ಮಾಡಿದ್ದು. ಹೆಸರಲ್ಲೇ ದೈತ್ಯ ಪ್ರಾಣಿಗಳಿದ್ದರೂ ತೆರೆಯ ಮೇಲೆ ಅವು ಕಾಣುವುದು ಅಪರೂಪ. ಕಥೆಯೆಲ್ಲ ಇಬ್ಬರು ಪ್ರಯಾಣಿಕರದ್ದು.

ಗ್ರಾಫಿಕ್ಸ್‌ನಿಂದ ಬಂದ ನಿರ್ದೇಶಕರಿಗೆ ತೊಡಕು ಇರುವುದು ನಟರ ಹತ್ತಿರ. ಕಂಪ್ಯೂಟರಿನಲ್ಲಿ ತಪ್ಪಾದರೆ ಹಿಂದಕ್ಕೆ ಹೋಗಿ ಸರಿಮಾಡಬಹುದು. ಗದರಿಸಿಕೊಂಡು ಮುದುಡಿದ ನಟನನ್ನು ಹಾಗೆ ಸರಿಮಾಡಲಾಗದು. ಅಳುವ ದೃಶ್ಯಕ್ಕೆ ಮುಂಚೆ ಅವರನ್ನು ಮಾತಾಡಿಸಬೇಕೋ, ಸುಮ್ನೆ ಬಿಡಬೇಕೋ? ಇದನ್ನು ಯಾವ ಸಾಫ್ಟ್‌ವೇರೂ ಕಲಿಸುವುದಿಲ್ಲ.

ದಾವಣಗೆರೆ, ಚಿತ್ರದುರ್ಗದ ಕಡೆಯಿಂದ ಗ್ರಾಫಿಕ್ಸ್ ಕಲಿಯಲು ಬೆಂಗಳೂರಿಗೆ ಹೋದವರು ರಜೆಗೆ ಊರಿಗೆ ಬಂದಾಗ ಹೊಸದುರ್ಗ ತಾಲ್ಲೂಕಿನ ಸಾಣೇಹಳ್ಳಿಗೆ ಒಮ್ಮೆ ಹೋಗಿಬನ್ನಿ. ಅಲ್ಲಿ ರಂಗಶಾಲೆ ಇದೆ, ನಾಟಕೋತ್ಸವ ನಡೆಯುತ್ತದೆ. ಆದರೆ ನಾಟಕವನ್ನಷ್ಟೇ ನೋಡಿ ಬರಬೇಡಿ. ತಾಲೀಮು ನೋಡಲು ಬಿಡುತ್ತಾರಾ ಕೇಳಿ. ಬಿಟ್ಟರೆ, ನಟರ ಜೊತೆ ನಿರ್ದೇಶಕರು ಹೇಗೆ ಮಾತಾಡುತ್ತಾರೆ ಅನ್ನುವುದಕ್ಕೇ ಕಿವಿ ಕೊಡಿ.

ನಮಸ್ಕಾರ.