ಮಾರಿ ಏನ್ ನೋಡ್ತಿ, ಕೈ ನೋಡು

ಕೇಳುಗರಿಗೆ ನಮಸ್ಕಾರ.

ನಾನು 20 ವರ್ಷ ನಾಟಕದಲ್ಲಿದ್ದೆ. ಬಣ್ಣ ಹಚ್ಚಿದೆ, ಪರದೆ ಬರೆದೆ, ಆಮೇಲೆ ಕ್ಯಾಮೆರಾ ಹಿಡಿದೆ. ಈಗ ಕಲಾವಿದರ ಸಾಕ್ಷ್ಯಚಿತ್ರ ಮಾಡುತ್ತೇನೆ. "ಯಾವುದಾದರೂ ಒಂದು ಹಿಡಿದುಕೊಂಡು ಇರಬಾರದಾ?" ಅಂತ ಎಲ್ಲರೂ ಕೇಳುತ್ತಾರೆ. ನನಗೆ ಇವೆಲ್ಲ ಒಂದೇ ಕೆಲಸ, ನೋಡುವ ಕೆಲಸ. ನಮ್ಮ ಕಲಬುರಗಿಯ ಎಸ್. ಎಂ. ಪಂಡಿತರು ಮುಂಬೈಯಲ್ಲಿ ಸಿನಿಮಾ ಪೋಸ್ಟರ್ ಬರೆದರು. ಅದೇ ಮುಂಬೈಯಲ್ಲಿ ಸಿನಿಮಾ ಬೋರ್ಡ್ ಬರೆಯುತ್ತಿದ್ದ ಚಿತ್ರಕಾರ ಎಂ. ಎಫ್. ಹುಸೇನ್ ಮುಂದೆ ತಾವೇ ಕ್ಯಾಮೆರಾ ಹಿಂದೆ ನಿಂತರು. 1967ರಲ್ಲಿ ಅವರ ಕಿರುಚಿತ್ರಕ್ಕೆ ಬರ್ಲಿನ್ ಚಿತ್ರೋತ್ಸವದಲ್ಲಿ ಚಿನ್ನದ ಕರಡಿ ಪ್ರಶಸ್ತಿ ಬಂತು. ಅದರಲ್ಲಿ ಕಥೆಯೇ ಇಲ್ಲ. ಬರೀ ನೋಡುವುದು.

ನಾನು ನೋಡಲು ಕಲಿತದ್ದು ಬೀದರಿನಲ್ಲಿ, ಬಿದ್ರಿ ಅನ್ನುವ ಲೋಹದ ಕುಸುರಿ ಕೆಲಸದ ಒಬ್ಬ ಉಸ್ತಾದರ ಹತ್ತಿರ. ಸತು ಜಾಸ್ತಿ, ತಾಮ್ರ ಸ್ವಲ್ಪ ಸೇರಿಸಿ ಎರಕ ಹುಯ್ಯುತ್ತಾರೆ. ಹೂಬಳ್ಳಿ ಕೆತ್ತಿ, ಆ ಗೆರೆಯೊಳಗೆ ಬೆಳ್ಳಿ ತಂತಿ ಬಡಿದು ಕೂರಿಸುತ್ತಾರೆ. ಉಜ್ಜಿದ ಮೇಲೆ ಎಲ್ಲಾ ಬೆಳ್ಳಗೆ. ಬೆಳ್ಳಿ ಯಾವುದು, ಸತು ಯಾವುದು ಗೊತ್ತೇ ಆಗುವುದಿಲ್ಲ. ಕೊನೆಗೆ ಬರುತ್ತದೆ ಕೋಟೆಯ ಮಣ್ಣು. ಉಸ್ತಾದರು ಚಿಟಿಕೆ ಮಣ್ಣನ್ನು ನಾಲಿಗೆಗೆ ಹಚ್ಚಿ ನೋಡಿದರು, ತಲೆಯಾಡಿಸಿದರು. ನವಸಾಗರ ಅನ್ನುವ ಉಪ್ಪಿನ ಜೊತೆ ಕಲಸಿ ಬಿಸಿ ಹೂದಾನಿಗೆ ಸವರಿದರು.

ಅವರ ಬಿಳಿ ಗಡ್ಡದ ಮೇಲೆ ಬೆಳಕು ತುಂಬಾ ಚೆನ್ನಾಗಿ ಬಿದ್ದಿತ್ತು. ನನ್ನ ಕ್ಯಾಮೆರಾ ಅಲ್ಲೇ ನಿಂತಿತು. ಕೆಳಗೆ, ಅವರ ಬೆರಳಡಿ ಸತು ಕರ್ರಗಾಯಿತು, ಬೆಳ್ಳಿ ಹೂ ಎದ್ದು ಕಾಣಿಸಿತು. ನನಗೆ ಅದು ಸಿಗಲೇ ಇಲ್ಲ.

"ನನ್ನ ಮಾರಿ ಏನ್ ನೋಡ್ತಿ ಬೇಟಾ? ಕೈ ನೋಡು" ಅಂದರು.

ಇನ್ನೊಂದು ಹೂದಾನಿ ತಯಾರಾಗುವ ತನಕ ಕಾದೆ. ಈ ಸಲ ನನ್ನ ಕ್ಯಾಮೆರಾ ಅವರ ಕೈ ಬಿಟ್ಟು ಕದಲಲಿಲ್ಲ. ನಾಟಕದವನಾದ ನನಗೆ ಇದು ಮೊದಲೇ ಹೊಳೆಯಬೇಕಿತ್ತು. ಬಯಲಾಟದಲ್ಲಿ ಹಿಂದೆ ಕೂತವರಿಗೆ ಮುಖ ಎಲ್ಲಿ ಕಾಣುತ್ತದೆ? ಕೈ ಕಾಣುತ್ತದೆ, ಹೆಜ್ಜೆ ಕಾಣುತ್ತದೆ.

ಧ್ವನಿ ಹಿಡಿಯುವ ಬಗ್ಗೆಯೂ ಹೇಳಬೇಕೆಂದಿದ್ದೆ, ಸಮಯ ಕಮ್ಮಿ ಇದೆ. ಚಿತ್ರ ತೆಗೆಯುವಾಗ ಫ್ಯಾನ್ ಆರಿಸಿ, ಅಷ್ಟು ಸಾಕು. ಕಲಾವಿದರಿಗೆ ದುಡ್ಡು ಮೊದಲೇ ಕೊಡಿ.

ಆಳಂದ, ಶಹಾಪುರ, ಔರಾದ ಕಡೆಯ ಹುಡುಗರೇ, ಹುಡುಗಿಯರೇ, ಜಾತ್ರೆಯಲ್ಲಿ 30 ಸೆಕೆಂಡ್ ತೆಗೆದು ಅದರ ಮೇಲೆ ಸಿನಿಮಾ ಹಾಡು ಹಾಕಬೇಡಿ, ದಯವಿಟ್ಟು. ನಿಮ್ಮೂರಿನ ದೊಡ್ಡಾಟದ ಮಾಸ್ತರರು ತಾಲೀಮು ಮಾಡಿಸುವಾಗ ಹೋಗಿ. ಮೊಬೈಲನ್ನು ಗಟ್ಟಿಯಾಗಿ ಒಂದು ಕಡೆ ಒರಗಿಸಿಡಿ. ಅವರ ಕೈ, ಕಾಲು ಪೂರ್ತಿ ಕಾಣಲಿ. ತಾಲೀಮು ಮುಗಿಯುವ ತನಕ ಅದನ್ನು ಮುಟ್ಟಬೇಡಿ.

ನಮಸ್ಕಾರ.